ಉಮ್ಸುನಾಯ್ ನೋಡಿದ ಬಣ್ಣ

ನಮ್ಮೂರಿನ ಹಿಂದೆ ಒಂದು ದಿಬ್ಬವಿದೆ. ಅದರ ಹೆಸರು ಕೋಕ್-ದೋಬೋ. ಮೇ ತಿಂಗಳಲ್ಲಿ ಹುಲ್ಲು ಚಿಗುರಿ ಹಸಿರಾದಾಗ ನಾವು ಅದನ್ನು ಕೋಕ್ ಎನ್ನುತ್ತೇವೆ. ಚಳಿಗಾಲದ ಮಧ್ಯಾಹ್ನ ಹಿಮದ ಮೇಲೆ ನೆರಳು ಬಿದ್ದು ನೀಲಿಯಾದಾಗಲೂ ಕೋಕ್ ಎನ್ನುತ್ತೇವೆ. ಬುಡದಲ್ಲಿ ಮೇಯುವ ಬೂದು ಕುದುರೆ ಕೋಕ್, ಮೇಲಿನ ಆಕಾಶ ಕೋಕ್. ಹಸಿರಿಗೆ ಬೇರೆ ಪದ ಇಲ್ಲವೆಂದಲ್ಲ, ಶಾಲೆಯಲ್ಲಿ ಕಲಿಸುತ್ತಾರೆ. ಆದರೆ ಅಜ್ಜಿಯರ ಮಡಿಲಲ್ಲಿ ಮಾತು ಕಲಿತವರಿಗೆ ಕೋಕ್ ಒಂದೇ ಸಾಕು. ಯಾವ ಕೋಕ್ ಎಂದು ಯಾರೂ ಯಾರನ್ನೂ ಕೇಳುವುದಿಲ್ಲ. ಹಾಗೆ ಕೇಳದೆ ಹೋದದ್ದರಿಂದ ಒಬ್ಬನ ಬದುಕಿನ ಹದಿಮೂರು ವರ್ಷ ಕಳೆದುಹೋಯಿತು.

ಉಮ್ಸುನಾಯ್ ನಮ್ಮ ಓಣಿಯ ಕೊನೆಯ ಮನೆಯವಳು. ಉಣ್ಣೆಗೆ ಬಣ್ಣ ಹಾಕುವುದು, ಬಿಸಿನೀರು ಸುರಿದು ತುಳಿದು ಅದನ್ನು ಮಂದ ಹಾಸಾಗಿ ಗಟ್ಟಿಮಾಡುವುದು, ಹಾಸನ್ನು ಕತ್ತರಿಸಿ ಶಿರ್ದಾಕ್ ಎಂಬ ಚಿತ್ತಾರದ ಜಮಖಾನ ಮಾಡುವುದು ಅವಳ ಕೆಲಸ. ಶಿರ್ದಾಕಿಗೆ ಎರಡು ಬಣ್ಣದ ಹಾಸುಗಳನ್ನು ಒಂದರ ಮೇಲೊಂದು ಇಟ್ಟು ಒಟ್ಟಿಗೆ ಕತ್ತರಿಸಬೇಕು. ಕೆಂಪಿನಿಂದ ತೆಗೆದ ಟಗರಿನ ಕೊಂಬು ಕಂದಿನ ಗುಳಿಯಲ್ಲಿ ಕೂರುತ್ತದೆ, ಕಂದಿನಿಂದ ತೆಗೆದದ್ದು ಕೆಂಪಿನಲ್ಲಿ. ಒಂದು ಚೂರೂ ಹಾಳಾಗುವುದಿಲ್ಲ, ಎಲ್ಲಿಯೂ ಖಾಲಿ ಉಳಿಯುವುದಿಲ್ಲ. ಕತ್ತರಿಸುವುದು ಉಮ್ಸುನಾಯ್, ಅಂಚು ಹೊಲಿಯುವುದು ನನ್ನ ತಾಯಿ ಬುರ್ಮಾ. ಇಬ್ಬರ ನಡುವೆ ಇಡೀ ದಿನ ಜಗಳ. ನಾನು ಆ ಜಗಳದ ಸದ್ದಿನಲ್ಲಿ, ಒದ್ದೆ ಉಣ್ಣೆಯ ವಾಸನೆಯಲ್ಲಿ ಬೆಳೆದವಳು.

ಅವಳ ಕಣ್ಣಿನ ಮೇಲೆ ಊರಿಗೆ ಬಹಳ ನಂಬಿಕೆ. ಎರಡು ವರ್ಷದ ಹಿಂದೆ ಮಾಡಿದ ಕೆಂಪಿಗೆ ಸರಿಹೊಂದುವ ಕೆಂಪನ್ನು ಹಳೆಯ ತುಂಡು ನೋಡದೆ ಮತ್ತೆ ಮಾಡುತ್ತಿದ್ದಳು. ಮದುವೆ ಮಾತುಕತೆಗೆ ಬಂದವರು ಕೂಡ ಹುಡುಗಿಯ ಲಂಗದ ಬಣ್ಣ ಹೊಂದುತ್ತದೆಯೇ ಎಂದು ಅವಳನ್ನು ಕೇಳಿ ಹೋಗುತ್ತಿದ್ದರು. "ಉಮ್ಸುನಾಯ್ ನೋಡಿದಳು" ಎಂದರೆ ನಮ್ಮಲ್ಲಿ ಮಾತು ಮುಗಿಯಿತು.

ಇದೆಲ್ಲ ಶುರುವಾದ ಆ ಬೆಳಗ್ಗೆ ಅವಳಿಗೆ ನಲವತ್ತೊಂದು ವರ್ಷ. ಹಳದಿ ಬಣ್ಣಕ್ಕೆ ಬೇಕಾದ ರೇವಲ್ಚಿನ್ನಿ ಬೇರು ಅಗೆಯಲು ದಿಬ್ಬದ ಕಡೆ ಹೊರಟಿದ್ದಳು. ಮಂಜು ಎಷ್ಟು ದಟ್ಟವಾಗಿತ್ತೆಂದರೆ ಮುಂದೆ ಹೋಗುತ್ತಿದ್ದ ದನದ ಬಾಲ ಕಾಣುತ್ತಿತ್ತು, ದನ ಕಾಣುತ್ತಿರಲಿಲ್ಲ ಎಂದು ಅವಳು ಆಮೇಲೆ ನಗುತ್ತಾ ಹೇಳುತ್ತಿದ್ದಳು. ಉಣ್ಣೆ ಗೋದಾಮಿನ ಬಾಗಿಲಿನಿಂದ ಒಬ್ಬ ಹೊರಬಿದ್ದು ದಿಬ್ಬದ ಮೇಲಕ್ಕೆ ಓಡಿದ. ಅವಳು ನಿಂತಳು. ನಾಲ್ಕೈದು ಉಸಿರಿನಷ್ಟು ಹೊತ್ತು. ಮಂಜು ಅವನನ್ನು ನುಂಗಿತು. ಗೋದಾಮಿನೊಳಗೆ ಕಾವಲುಗಾರ ಮೈರಮ್ ತಲೆ ಒಡೆದು ಸತ್ತು ಬಿದ್ದಿದ್ದ.

ಊರಿನ ಪೊಲೀಸಿನವನು ಶಾಲೆಯ ನೋಟುಬುಕ್ಕಿನ ಹಾಳೆಯೊಂದರಲ್ಲಿ ಅವಳು ಹೇಳಿದ್ದನ್ನು ನಮ್ಮ ಭಾಷೆಯಲ್ಲೇ ಬರೆದುಕೊಂಡ. ಒಂದೇ ಸಾಲು: ಕೋಕ್ ಕೋಟಿನ ಒಬ್ಬ ದಿಬ್ಬದ ಕಡೆ ಓಡಿದ.

ಮೂರನೆಯ ದಿನ ನಗರದಿಂದ ತನಿಖಾಧಿಕಾರಿ ಬಂದ. ಅವನ ಕಾಗದಗಳೆಲ್ಲ ರಷ್ಯನ್ನಿನಲ್ಲಿ. ಜೊತೆಗೆ ಬಂದಿದ್ದ ದುಭಾಷಿ ನಗರದಲ್ಲಿ ಬೆಳೆದ ಹುಡುಗಿ. ಅವಳ ಮಟ್ಟಿಗೆ ಕೋಕ್ ಎಂದರೆ ನೀಲಿ. ಅದರಲ್ಲಿ ಅವಳದೇನೂ ಮೋಸವಿರಲಿಲ್ಲ. ಕೇಳಿದ್ದನ್ನು ಹೇಳಿದಳು, ಅವನು ಬರೆದ.

ಆಮೇಲೆ ಅವನು ಐದು ಫೋಟೋಗಳನ್ನು ಮೇಜಿನ ಮೇಲೆ ಹರಡಿದ. ನೀಲಿ ಕೋಟು ಇದ್ದದ್ದು ಒಂದರಲ್ಲಿ ಮಾತ್ರ.

"ಅವಸರ ಇಲ್ಲ ಎಜೆ, ನಿಧಾನವಾಗಿ ನೋಡಿ," ಅಂದ. ಎಜೆ ಎಂದರೆ ಅಕ್ಕ. ಆ ಮಾತು ಅವನಿಗೆ ಚೆನ್ನಾಗಿ ಬರುತ್ತಿತ್ತು.

ಉಮ್ಸುನಾಯ್ ನಿಧಾನವಾಗಿ ನೋಡಿದಳು. ಬಹಳ ನಿಧಾನವಾಗಿ ನೋಡಿದಳು.

"ಇವನಿರಬೋದು."

"ಇರಬೋದೋ, ಇವನೋ?"

ಅವಳು ಇನ್ನೊಮ್ಮೆ ನೋಡಿದಳು. "ಇವನೇ."

ಅವನ ಹೆಸರು ಎದಿಲ್. ಪಕ್ಕದ ಕಣಿವೆಯವನು, ಇಪ್ಪತ್ತನಾಲ್ಕು ವರ್ಷ, ಉಣ್ಣೆ ಲಾರಿ ಓಡಿಸುತ್ತಿದ್ದ. ಒಂದು ವಾರದ ಹಿಂದೆ ಮೂಟೆ ಇಳಿಸುವ ವಿಷಯಕ್ಕೆ ಮೈರಮ್ ಜೊತೆ ಕೂಗಾಡಿದ್ದ. ಠಾಣೆಯಲ್ಲಿ ಆರು ಜನರ ಸಾಲು ನಿಲ್ಲಿಸಿದಾಗ ಅವಳಿಗೆ ಗುರುತು ಸಿಕ್ಕ ಮುಖ ಅವನದೊಂದೇ. ಫೋಟೋದಲ್ಲಿ ನೋಡಿದ್ದಳಲ್ಲ. ಕೋರ್ಟಿನಲ್ಲಿ ಮೂರನೆಯ ಸಲ ಬೆರಳು ತೋರಿಸುವ ಹೊತ್ತಿಗೆ ಅದು ಅವಳಿಗೆ ತನ್ನ ತಮ್ಮನ ಮುಖದಷ್ಟೇ ಪರಿಚಿತವಾಗಿತ್ತು.

"ಎಜೆ, ಸರಿಯಾಗಿ ನೋಡಿ," ಎಂದನಂತೆ ಎದಿಲ್, ಕಂಬಿಯ ಹಿಂದಿನಿಂದ.

"ನೋಡ್ದೆನಪ್ಪಾ, ನೀನೇ," ಎಂದಳು ಇವಳು. ಅವನಿಗೆ ಹದಿನೇಳು ವರ್ಷ ಶಿಕ್ಷೆಯಾಯಿತು.

ಉಮ್ಸುನಾಯ್ ಸುಳ್ಳು ಹೇಳಲಿಲ್ಲ. ಇದನ್ನು ನಾನು ಅವಳ ಪರವಾಗಿ ಹೇಳುತ್ತಿಲ್ಲ, ಇದ್ದದ್ದೇ ಹಾಗೆ. ಆ ವರ್ಷಗಳಲ್ಲಿ ಅವಳು ಒಳ್ಳೆಯ ನಿದ್ದೆ ಮಾಡಿದಳು. ಆಗಾಗ ಆ ಮಂಜಿನ ಬೆಳಗು ಕನಸಿಗೆ ಬರುತ್ತಿತ್ತು. ನೀಲಿ ಕೋಟು ತೊಟ್ಟವನು ಹುಲ್ಲಿನ ಮೇಲೆ ಸದ್ದಿಲ್ಲದೆ ಓಡುತ್ತಿದ್ದ, ತಿರುಗಿ ಅವಳನ್ನು ನೋಡುತ್ತಿದ್ದ. ಎದ್ದು ಚಹಾ ಕಾಯಿಸುತ್ತಾ ನನ್ನ ತಾಯಿಗೆ ಅದನ್ನು ಹೇಳುತ್ತಿದ್ದಳು, ಹಳೆಯ ನೆಂಟರೊಬ್ಬರು ಬಂದು ಹೋದರೆಂಬಂತೆ. ಅವಳ ಜಮಖಾನದ ಚಿತ್ತಾರಗಳೂ ಕನಸಿನಿಂದಲೇ ಬರುತ್ತಿದ್ದವು. ಕನಸನ್ನು ನಂಬುವುದು ಅವಳ ಕಸುಬಿನ ಭಾಗವಾಗಿತ್ತು.

ಹದಿಮೂರನೆಯ ವರ್ಷದ ಶರತ್ಕಾಲದಲ್ಲಿ, ಏಪ್ರಿಕಾಟ್ ಮರದ ಎಲೆಗಳು ಅಂಗಳಕ್ಕೆ ಬೀಳುತ್ತಿದ್ದಾಗ, ಇಬ್ಬರು ಹೆಂಗಸರು ಬಂದರು. ಒಬ್ಬಳು ವಕೀಲೆ ಚೋಲ್ಪೋನ್, ರಾಜಧಾನಿಯಿಂದ ಬಂದವಳು, ವಯಸ್ಸು ಮೂವತ್ತು ದಾಟಿರಲಿಲ್ಲ. ಇನ್ನೊಬ್ಬಳು ಎದಿಲನ ಅಕ್ಕ ಜಿಪಾರ್. ಅವಳು ಗೇಟಿನ ಹೊರಗೇ ನಿಂತಳು.

"ಒಳಗೆ ಬರಕ್ಕೆ ಹೇಳಮ್ಮಾ," ಎಂದಳು ನನ್ನ ತಾಯಿ, "ನಾವೇನು ಕಚ್ತೀವಾ?"

"ಕಚ್ಚಿ ಆಗಿದೆಯಲ್ಲ," ಎಂದಳು ಜಿಪಾರ್, ನಿಂತಲ್ಲಿಂದಲೇ.

ನನ್ನ ತಾಯಿ ಬಾಯಿ ಮುಚ್ಚಿದ್ದನ್ನು ನಾನು ನೋಡಿದ್ದು ಅದೇ ಮೊದಲು.

ಉಮ್ಸುನಾಯ್ ನೀಲಿ ಬಣ್ಣ ಅದ್ದುವ ತೊಟ್ಟಿಯ ಮುಂದೆ ಕೂತಿದ್ದಳು. ಮೊಣಕೈವರೆಗೂ ಬಣ್ಣ. ಚೋಲ್ಪೋನ್ ಅವಳ ಎದುರು ಕುಕ್ಕರುಗಾಲಲ್ಲಿ ಕೂತು ಚೀಲದಿಂದ ಒಂದು ಹಾಳೆ ತೆಗೆದಳು. ನೋಟುಬುಕ್ಕಿನ ಹಳೆಯ ಹಾಳೆ, ಕಡತದ ತಳದಲ್ಲಿ ಸಿಕ್ಕಿದ್ದು.

"ಎಜೆ, ಆವತ್ತು ಪೊಲೀಸಿನವರಿಗೆ ನೀವು ಮೊದಲು ಹೇಳಿದ್ದೇನು?"

"ಎಷ್ಟು ಸಲ ಹೇಳ್ಲಿ? ಕೋಕ್ ಕೋಟು."

"ಯಾವ ಕೋಕ್?"

ಉಮ್ಸುನಾಯ್ ನಕ್ಕಳು. "ಇದೊಳ್ಳೆ ಪ್ರಶ್ನೆ. ಕೋಕ್ ಅಂದ್ರೆ ಕೋಕು. ನೀವು ಪಟ್ಟಣದೋರು ಹಾಲು ಯಾವ ಬಿಳಿ ಅಂತಾನೂ ಕೇಳ್ತೀರಿ." ಹಾಗೆ ಹೇಳುತ್ತಲೇ ತೊಟ್ಟಿಯಿಂದ ಉಣ್ಣೆಯ ಲಡಿಯನ್ನು ಎತ್ತಿದಳು. ನೀಲಿಯ ತೊಟ್ಟಿಯಿಂದ ಮೇಲೆ ಬರುವಾಗ ಉಣ್ಣೆ ನೀಲಿಯಾಗಿರುವುದಿಲ್ಲ, ಎಳೆ ಹುಲ್ಲಿನ ಹಸಿರಾಗಿರುತ್ತದೆ. ಗಾಳಿ ತಾಕುತ್ತಾ ತಾಕುತ್ತಾ ಕಣ್ಣೆದುರೇ ನೀಲಿಗೆ ತಿರುಗುತ್ತದೆ. "ನೋಡು, ಈಗ ಕೋಕ್," ಎಂದಳು. ಲಡಿ ತೊಟ್ಟಿಕ್ಕುತ್ತಿತ್ತು. "ಈಗ್ಲೂ ಕೋ..."

ಅವಳ ಕೈ ಹಾಗೇ ನಿಂತಿತು. ನಾವೆಲ್ಲ ಆ ಉಣ್ಣೆಯನ್ನೇ ನೋಡುತ್ತಿದ್ದೆವು. ಹಸಿರು ಎಲ್ಲಿ ಮುಗಿಯಿತು, ನೀಲಿ ಎಲ್ಲಿ ಶುರುವಾಯಿತು ಎಂದು ಯಾರಿಗೂ ಹೇಳಲಾಗುತ್ತಿರಲಿಲ್ಲ.

"ಕಡತದಲ್ಲಿ ನೀಲಿ ಅಂತ ಬರೆದಿದಾರೆ ಎಜೆ," ಚೋಲ್ಪೋನ್ ಮೆಲ್ಲಗೆ ಹೇಳಿದಳು. "ನೀಲಿ ಅಂತ ಬರೆದಿದ್ದಕ್ಕೇ ನೀಲಿ ಕೋಟಿನವನನ್ನ ಹುಡುಕಿದರು. ಅವನ ಮೇಲೆ ಬೇರೆ ಏನೂ ಸಾಕ್ಷಿ ಇಲ್ಲ. ನಿಮ್ಮ ಮಾತೊಂದೇ."

"ನನ್ನ ಮಾತೊಂದೇನಾ?" ಎಂದು ಉಮ್ಸುನಾಯ್ ಕೇಳಿದಳು. ಇಷ್ಟು ವರ್ಷ ಅದು ಅವಳಿಗೆ ಗೊತ್ತೇ ಇರಲಿಲ್ಲ. ಪೊಲೀಸರ ಹತ್ತಿರ ಇನ್ನೂ ಏನೇನೋ ಇರುತ್ತದೆ, ತಾನೊಂದು ಹೊಲಿಗೆ ಮಾತ್ರ ಎಂದುಕೊಂಡಿದ್ದಳು.

ಆಮೇಲಿನ ದಿನಗಳಲ್ಲಿ ಅವಳು ನಿದ್ದೆಯಲ್ಲಿ ನಡೆಯುವವಳಂತೆ ಅಂಗಳದಲ್ಲಿ ತಿರುಗಿದಳು. ಒಂದು ಮುಂಜಾನೆ ನಮ್ಮ ಮನೆಗೆ ಓಡಿಬಂದಳು, ತಲೆಗೆ ಬಟ್ಟೆಯೂ ಕಟ್ಟಿರಲಿಲ್ಲ.

"ಬುರ್ಮಾ, ಹಸಿರೇ ಕಣೇ! ಕನಸಲ್ಲಿ ಸ್ಪಷ್ಟವಾಗಿ ಕಂಡೆ. ಹುಲ್ಲಿನಂಥ ಹಸಿರು. ಕೋಟು ಹುಲ್ಲಲ್ಲಿ ಬೆರೆತುಹೋಗ್ತಿತ್ತು, ಅವನ ಕಾಲು ಮಾತ್ರ ಓಡ್ತಾ ಇತ್ತು."

"ಕನಸು ಅಂದ್ರೆ ನರಿ ಲದ್ದಿ," ಎಂದಳು ನನ್ನ ತಾಯಿ. ನಮ್ಮ ಕಡೆಯ ಗಾದೆ ಅದು. "ಹದಿಮೂರು ವರ್ಷ ನೀಲಿ ಲದ್ದಿ ಹಾಕಿತ್ತು, ಈಗ ಹಸಿರು ಮೇದು ಬಂದಿದೆ."

"ನಿನ್ನ ಬಾಯಿಗೆ ಮಣ್ಣು ಹಾಕ!"

"ಹಾಕು, ಹಾಕು. ಮೊದ್ಲು ಚಹಾ ಕುಡಿ."

ಚೋಲ್ಪೋನಳಿಗೆ ಫೋನಿನಲ್ಲಿ ಹೇಳಿದಾಗ ಅವಳಿಗೆ ಸಂತೋಷಕ್ಕೆ ಅಳುವೇ ಬಂತು. ಪ್ರಾಂತ್ಯದ ಕೋರ್ಟಿನಲ್ಲಿ ಮರುವಿಚಾರಣೆಯ ದಿನ ನಿಗದಿಯಾಗಿತ್ತು. ಉಮ್ಸುನಾಯ್ ಹಸಿರು ಎಂದರೆ ಸಾಕು, ನೀಲಿ ಕೋಟಿನ ಎದಿಲ್ ಹೊರಗೆ ಬರುತ್ತಾನೆ.

ಆದರೆ ಆ ಹಸಿರು ಕನಸು ಅವಳನ್ನು ಬಿಡಲಿಲ್ಲ. ದಿನದಿಂದ ದಿನಕ್ಕೆ ಚೊಕ್ಕಟವಾಗುತ್ತಾ ಹೋಯಿತು. ಎದೆಯ ಮೇಲೆ ಕಲ್ಲಿಟ್ಟಂತಾಗುತ್ತದೆ ಎಂದು ಹೇಳತೊಡಗಿದಳು. ಭಾರವಾದ ಕನಸನ್ನು ನಮ್ಮವರು ಹರಿಯುವ ನೀರಿಗೆ ಹೇಳಿಬಿಡುತ್ತಾರೆ. ಒಂದು ಬೆಳಗ್ಗೆ ಹೊಳೆಗೆ ಹೊರಟಳು, ನೀರಿನ ಕ್ಯಾನು ಹಿಡಿದು ನಾನೂ ಹೋದೆ. ಅಂಚಿನಲ್ಲಿ ತೆಳ್ಳಗೆ ಮಂಜುಗಡ್ಡೆ ಕಟ್ಟಿತ್ತು. ಅವಳು ಕಲ್ಲಿನ ಮೇಲೆ ಕೂತು, ನೀರಿಗೆ ಮಾತ್ರ ಕೇಳುವಷ್ಟು ಮೆಲ್ಲಗೆ ಶುರುಮಾಡಿದಳು. ನಾನು ದೂರ ಹೋಗಬೇಕಿತ್ತು. ಹೋಗಲಿಲ್ಲ.

"ಮಂಜಿತ್ತು. ಅವನು ಬಾಗಿಲಿಂದ ಬಂದ. ಹಸಿರು ಕೋಟು. ನನ್ನ ಕಡೆ ಬೆನ್ನು ಹಾಕಿ ಓಡ್ದ. ಎದೆ ಮೇಲಿನ ಮೂರನೇ ಗುಂಡಿ ಕಿತ್ತುಹೋಗಿತ್ತು, ದಾರ ನೇತಾಡ್ತಿತ್ತು..."

ನಿಲ್ಲಿಸಿದಳು. ನೀರು ಹರಿಯುತ್ತಲೇ ಇತ್ತು.

"ಬೆನ್ನು ಹಾಕಿ ಓಡೋನ ಎದೆ ಮೇಲಿನ ಗುಂಡಿ ನಂಗೆ ಹೆಂಗೆ ಕಾಣ್ತು?" ಎಂದು ಕೇಳಿದಳು, ನೀರನ್ನೋ ನನ್ನನ್ನೋ.

ಮೂರನೆಯ ಗುಂಡಿ ಕಿತ್ತುಹೋದ ಕೋಟು ಇದ್ದದ್ದು ಎದಿಲನ ಫೋಟೋದಲ್ಲಿ. ಆ ನೀಲಿ ಕೋಟು. ಈಗ ಅದೇ ಕಿತ್ತ ಗುಂಡಿ ಹಸಿರು ಕೋಟಿಗೂ ಬಂದಿತ್ತು. ಅವಳು ಬಹಳ ಹೊತ್ತು ಕೂತಿದ್ದಳು. ಪ್ರತಿಯೊಂದನ್ನೂ ಒಂದೊಂದಾಗಿ ಹೊರಗೆ ತೆಗೆದು ನೋಡುತ್ತಿದ್ದಳೆಂದು ಕಾಣುತ್ತದೆ. ಅವನು ತಿರುಗಿ ನೋಡಿದ್ದು, ಅವನ ಹುಬ್ಬು, ಗದ್ದ. ಒಂದೂ ಆ ಬೆಳಗಿನದಲ್ಲ. ಎದ್ದಾಗ ಅವಳ ಮುಖ ಒಗೆದ ಬಟ್ಟೆಯಂತಿತ್ತು.

ವಿಚಾರಣೆಯ ದಿನ ನಾವು ನಾಲ್ವರು ಹೆಂಗಸರು ಕೋರ್ಟಿನ ಪಕ್ಕದ ಚಹಾದಂಗಡಿಯಲ್ಲಿ ಕೂತಿದ್ದೆವು. ನನ್ನ ತಾಯಿ ಬಂದಿರಲಿಲ್ಲ, ಅವಳಿಗೆ ಬಸ್ಸಿನಲ್ಲಿ ತಲೆ ಸುತ್ತುತ್ತದೆ. ಉಮ್ಸುನಾಯ್ ಗುಂಡಿಯ ವಿಷಯ ಹೇಳಿದಳು.

ಚೋಲ್ಪೋನ್ ಬಟ್ಟಲು ಕೆಳಗಿಟ್ಟಳು. "ಎಜೆ, ಇದನ್ನ ಒಳಗೆ ಹೇಳ್ಬೇಡಿ."

"ಯಾಕೆ?"

"ಮೊದ್ಲು ನೀಲಿ ಅಂದ್ರಿ, ಈಗ ಹಸಿರು ಅಂತೀರಿ. ಅಷ್ಟಕ್ಕೇ ನಿಂತ್ರೆ, ಕೋಕ್ ಅಂತಷ್ಟೇ ಬರೆದಿರೋ ಆ ಹಳೇ ಹಾಳೆ ನಿಮ್ಮ ಜೊತೆಗಿದೆ. ಏನೂ ಗೊತ್ತಿಲ್ಲ ಅಂದ್ರೆ, ಮುದುಕಿಗೆ ಮರೆವು ಬಂದಿದೆ, ಆಗ ಹೇಳಿದ್ದೇ ಸರಿ ಅಂತ ಬರೆದು ಕಡತ ಮುಚ್ತಾರೆ. ಅವನು ಒಳಗೇ ಉಳೀತಾನೆ. ಇನ್ನೂ ನಾಲ್ಕು ವರ್ಷ."

"ಐವತ್ನಾಲ್ಕಕ್ಕೆ ಮುದುಕಿನಾ ನಾನು?" ಎಂದಳು ಉಮ್ಸುನಾಯ್.

ಅಷ್ಟು ಹೊತ್ತು ಕಿಟಕಿಯ ಹೊರಗೆ ನೋಡುತ್ತಿದ್ದ ಜಿಪಾರ್ ಮೊದಲ ಸಲ ಅವಳ ಕಡೆ ತಿರುಗಿದಳು. "ಹಸಿರು ಅನ್ನಿ. ನನ್ನ ಹತ್ರ ಕ್ಷಮೆ ಕೇಳ್ಬೇಡಿ, ಅಳ್ಬೇಡಿ. ಹಸಿರು ಅಂತ ಒಂದು ಮಾತು ಅನ್ನಿ. ಅವನ ವಿರುದ್ಧ ಅಷ್ಟು ಖಚಿತವಾಗಿ ಹೇಳಿದ್ರಲ್ಲ, ಪರವಾಗಿ ಅಷ್ಟೇ ಖಚಿತವಾಗಿ ಹೇಳಕ್ಕೆ ಏನು ಕಷ್ಟ?"

ಉಮ್ಸುನಾಯ್ ತನ್ನ ಉಗುರುಗಳನ್ನು ನೋಡಿಕೊಂಡಳು. ಎಷ್ಟು ತಿಕ್ಕಿದರೂ ಹೋಗದ ಬಣ್ಣ ಅಂಚಿನಲ್ಲಿತ್ತು. ಒಳಗಿನಿಂದ ಕರೆ ಬಂತು.

ಕೋರ್ಟಿನ ಕೋಣೆ ಬೆಚ್ಚಗಿತ್ತು. ಕಿಟಕಿಯಿಂದ ಬಿದ್ದ ಬಿಸಿಲಿನಲ್ಲಿ ದೂಳು ತೇಲುತ್ತಿತ್ತು, ಮಾತುಗಳೂ ಆ ದೂಳಿನ ಹಾಗೆ ಎಲ್ಲಿಯೂ ಇಳಿಯದೆ ತೇಲುತ್ತಿದ್ದವು. ಎದಿಲ್ ಗಾಜಿನ ಹಿಂದೆ ಕೂತಿದ್ದ. ಬೆಳಕು ಗಾಜಿನ ಮೇಲೆ ಬಿದ್ದು ಅವನ ಮುಖ ಕಾಣುತ್ತಿರಲಿಲ್ಲ. ಮಧ್ಯದಲ್ಲಿ ಕೂತ ನ್ಯಾಯಾಧೀಶರು ವಯಸ್ಸಾದವರು, ನಮ್ಮ ಭಾಷೆಯಲ್ಲೇ ಕೇಳಿದರು.

"ಹೇಳಿ. ಆ ಕೋಟು ಯಾವ ಬಣ್ಣದ್ದು? ನೀಲಿಯೋ ಹಸಿರೋ?"



"ಗೊತ್ತಿಲ್ಲ ಸ್ವಾಮಿ," ಎಂದಳು ಉಮ್ಸುನಾಯ್. "ನನ್ನ ಹತ್ರ ಉಳಿದಿರೋದು ಕೋಕ್ ಅನ್ನೋ ಮಾತೊಂದೇ. ಬಣ್ಣ ಇಲ್ಲ."

"ಆಗ ನೀಲಿ ಎಂದಿದ್ದೀರಿ. ಮುಖವನ್ನೂ ಗುರುತಿಸಿದ್ದೀರಿ."

"ಹೌದು. ನಾನು ಜಮಖಾನ ಕತ್ತರಿಸೋಳು. ಒಂದು ಗುಳಿ ಇದ್ರೆ ಅದಕ್ಕೆ ಸರಿಯಾದ ತುಂಡು ಹುಡುಕಿ ಕೂರ್ಸೋದು ನನ್ನ ಕೆಲ್ಸ. ಖಾಲಿ ಬಿಡಕ್ಕೆ ನನ್ನ ಕೈಗೆ ಬರಲ್ಲ. ಆ ಮಂಜಲ್ಲಿ ಮುಖ ಇರೋ ಜಾಗದಲ್ಲಿ ಬರೀ ಗುಳಿ ಇತ್ತು. ಆ ಅಧಿಕಾರಿ ಒಂದು ಮುಖ ಕೊಟ್ರು. ಸರಿಯಾಗಿ ಕೂತ್ಕೊಳ್ತು. ಹೊಲಿದುಬಿಟ್ಟೆ. ಹೋದ ತಿಂಗಳು ಈ ಹುಡುಗಿ ಬಂದು ಯಾವ ಕೋಕ್ ಅಂದ್ಲು. ಪಾಪ, ಅವಳದೇನೂ ತಪ್ಪಿಲ್ಲ. ಅವಳು ಕೇಳಿದ್ದೇ ತಡ ನಂಗೆ ಹಸಿರು ಕಾಣಕ್ಕೆ ಶುರುವಾಯ್ತು. ಅದೂ ಅಷ್ಟೇ ಚೆನ್ನಾಗಿ ಕೂತ್ಕೊಳ್ತು. ಆಗ ಹೆದರಿಕೆ ಆಯ್ತು. ಹಸಿರು ಅಂದ್ರೆ ಇವನನ್ನ ಬಿಡ್ತೀರಿ ಅಂತ ಗೊತ್ತು. ಹಸಿರು ಅನ್ನಕ್ಕೆ ನಾಲಿಗೆ ತುದೀವರೆಗೂ ಬಂದಿದೆ. ಆದ್ರೆ ನಾಳೆ ಹಸಿರು ಕೋಟಿನ ಇನ್ನೊಬ್ಬನ್ನ ಹಿಡ್ಕೊಂಡು ಬರ್ತೀರಿ. ನಾನು ಅವನನ್ನೂ ಗುರುತು ಹಿಡೀತೀನಿ. ನನ್ನ ಕಣ್ಣು ಅಂಥದ್ದು."

ಗಾಜಿನ ಹಿಂದೆ ಯಾರೋ ಕೆಮ್ಮಿದರು. ಗುಂಡಿಯ ವಿಷಯವನ್ನೂ ಹೇಳಿದಳು. ನ್ಯಾಯಾಧೀಶರು ಫೋಟೋ ತರಿಸಿಕೊಂಡು, ಕನ್ನಡಕ ಏರಿಸಿ, ಗುಂಡಿಗಳನ್ನು ಮೇಲಿನಿಂದ ಕೆಳಕ್ಕೆ ಬೆರಳಿಟ್ಟು ನೋಡಿದರು. ಮೂರನೆಯದರ ಮೇಲೆ ಬೆರಳು ನಿಂತಿತು.

ವಾಪಸು ಬರುವಾಗ ಜಿಪಾರ್ ಬಸ್ಸಿನಲ್ಲಿ ಬೇರೆ ಸೀಟಿನಲ್ಲಿ ಕೂತಳು. ಉಮ್ಸುನಾಯ್ ದಾರಿಯುದ್ದಕ್ಕೂ ಕಿಟಕಿಗೆ ಹಣೆ ಒತ್ತಿಕೊಂಡಿದ್ದಳು. ಒಮ್ಮೆ ಮಾತ್ರ, "ಕೊಂದುಬಿಟ್ಟೆ ಅನ್ಸುತ್ತೆ ಕಣೇ, ಎರಡನೇ ಸಲ," ಎಂದಳು.

ಹತ್ತೊಂಬತ್ತು ದಿನ ನಮ್ಮ ಅಂಗಳದಲ್ಲಿ ಕತ್ತರಿಯ ಸದ್ದಿರಲಿಲ್ಲ. ನನ್ನ ತಾಯಿ ಜಗಳಕ್ಕೆ ಎಷ್ಟು ಕೆಣಕಿದರೂ ಅವಳು ಹೂಂ ಅನ್ನುತ್ತಿದ್ದಳು. ಇಪ್ಪತ್ತನೆಯ ದಿನ ಚೋಲ್ಪೋನ್ ಫೋನು ಮಾಡಿದಳು. ಸಾಕ್ಷಿ ಕಂಡದ್ದೇನು ಎಂದು ಸಾಕ್ಷಿಗೇ ತಿಳಿಯದಿರುವಾಗ ಕಡತದಲ್ಲಿ ಉಳಿಯುವುದು ಏನೂ ಇಲ್ಲ ಎಂದು ನ್ಯಾಯಾಧೀಶರು ಬರೆದಿದ್ದರಂತೆ. ಎದಿಲ್ ಬಿಡುಗಡೆಯಾಗಿದ್ದ. ಮೈರಮನನ್ನು ಕೊಂದವನು ಯಾರೆಂಬುದು ಮಂಜಿನಲ್ಲೇ ಉಳಿಯಿತು. ಮೈರಮನ ಹೆಂಡತಿ ಅಂದಿನಿಂದ ಉಮ್ಸುನಾಯ್ ಎದುರಾದರೆ ದಾರಿ ದಾಟುತ್ತಾಳೆ. ಅದೂ ಸರಿಯೇ.

ಊರಿನ ಹಿರಿಯರು ಕೂತು ಮಾತಾಡಿದರು. ಅನ್ಯಾಯ ಮಾಡಿದವರು ಅನ್ಯಾಯವಾದವನ ಮುಂದೆ ಕುದುರೆ ನಿಲ್ಲಿಸಿ, ಹೆಗಲಿಗೆ ಕೋಟು ಹೊದಿಸಿ ತಪ್ಪು ಒಪ್ಪಿಕೊಳ್ಳುವುದು ನಮ್ಮ ಹಳೆಯ ಪದ್ಧತಿ. ಅವನು ತೆಗೆದುಕೊಂಡರೆ ಮಾತು ಮುಗಿಯಿತು. "ಕೋಟು ಬೇಡ, ಯಾವ ಬಣ್ಣದ್ದು ಕೊಟ್ರೂ ಅವನಿಗೆ ಬೆಂಕಿ," ಎಂದಳು ನನ್ನ ತಾಯಿ. ಉಮ್ಸುನಾಯ್ ತನ್ನ ಕಂದು ಬಣ್ಣದ ಹೆಣ್ಣು ಕುದುರೆಯನ್ನು ತೊಳೆದು, ಬಾಚಿ, ಇಡೀ ವಸಂತಕಾಲ ಕಾದಳು. ಅವನ ಮನೆಗೆ ತಾನೇ ಕೊಂಡೊಯ್ಯಲು ಹೊರಟವಳಿಗೆ ಜಿಪಾರ್ ಹೇಳಿಕಳಿಸಿದ್ದಳು: ಬರಬೇಡಿ, ಬರುವುದಾದರೆ ಅವನೇ ಬರುತ್ತಾನೆ.

ಜೂನ್ ತಿಂಗಳ ಒಂದು ಮಧ್ಯಾಹ್ನ ಗೇಟಿನಲ್ಲಿ ಒಬ್ಬ ನಿಂತಿದ್ದ. ತೆಳ್ಳಗೆ, ಕೂದಲು ಅರ್ಧ ನರೆತು, ಕೈಯಲ್ಲಿ ಏನೂ ಇಲ್ಲದೆ. ನಾವು ಉಣ್ಣೆ ತುಳಿಯುತ್ತಿದ್ದೆವು.

"ಬಾಪ್ಪಾ, ಬಾ," ಎಂದಳು ಉಮ್ಸುನಾಯ್, ಬೆವರು ಒರೆಸಿಕೊಳ್ಳುತ್ತಾ. "ಜಮಖಾನಕ್ಕಾ? ದೊಡ್ಡದೆಲ್ಲ ಖರ್ಚಾಗಿದೆ. ಬಾಗಿಲ ಮುಂದೆ ಹಾಕೋ ಚಿಕ್ಕದು ಎರಡಿದೆ. ಎಲ್ಲಿಂದ ಬಂದೆ?"

ಅವನು ಅವಳ ಮುಖವನ್ನೇ ನೋಡುತ್ತಿದ್ದ. ನನ್ನ ತಾಯಿಯ ಕಾಲು ನಿಂತಿತು, ನನ್ನದೂ ನಿಂತಿತು. ಉಮ್ಸುನಾಯ್ ಇನ್ನೂ ನಗುತ್ತಲೇ ಇದ್ದಳು.

"ಕಿವಿ ಕೇಳ್ಸಲ್ವೇನಪ್ಪಾ? ನಿನ್ನ ಹೆಸರೇನು?"

"ಎದಿಲ್," ಎಂದ.

ಅವಳು ಒದ್ದೆ ಉಣ್ಣೆಯ ಮೇಲೆ ಕೂತುಬಿಟ್ಟಳು. "ನಂಗೆ ಗುರುತೇ ಸಿಗ್ಲಿಲ್ಲ ಮಗಾ," ಎಂದಳು.

ಅವನು ನಕ್ಕ. ನಗು ಒಳ್ಳೆಯದಾಗಿರಲಿಲ್ಲ, ಕೆಟ್ಟದಾಗಿಯೂ ಇರಲಿಲ್ಲ. "ಇದನ್ನ ಅವತ್ತೇ ಅಂದಿದ್ರೆ ಎಜೆ."

ನನ್ನ ತಾಯಿ ಬಟ್ಟಲಿನಲ್ಲಿ ಚಹಾ ತಂದಳು. ಅವನು ನಿಂತೇ ಕುಡಿದ. ಉಮ್ಸುನಾಯ್ ಎದ್ದು ಹೋಗಿ ಕುದುರೆಯನ್ನು ಬಿಚ್ಚಿ ತಂದು ಹಗ್ಗವನ್ನು ಅವನ ಮುಂದೆ ಹಿಡಿದಳು. ಅವನು ಕುದುರೆಯ ಕುತ್ತಿಗೆ ಸವರಿದ, ಹಲ್ಲು ನೋಡಿದ, ಹಿಂಗಾಲು ಎತ್ತಿ ಲಾಳ ನೋಡಿದ, ಕೊಳ್ಳಲು ಬಂದವನ ಹಾಗೆ.

"ಒಳ್ಳೆ ಕುದುರೆ," ಎಂದ. "ಇಲ್ಲೇ ಇರ್ಲಿ. ನಂಗಿನ್ನೂ ತಗೊಳ್ಳೋ ಮನಸ್ಸು ಬಂದಿಲ್ಲ. ಬಂದ ದಿನ ಬರ್ತೀನಿ."

"ಅಷ್ಟ್ರಲ್ಲಿ ಇದು ಮುದಿಯಾಗುತ್ತೆ."

"ಆಗ್ಲಿ ಎಜೆ. ನಾನೂ ಆದ್ನಲ್ಲ."

ಬಟ್ಟಲನ್ನು ನನ್ನ ತಾಯಿಯ ಕೈಗೆ ಕೊಟ್ಟು ಹೊರಟ. ಉಮ್ಸುನಾಯ್ ಹಗ್ಗ ಹಿಡಿದುಕೊಂಡೇ ಇದ್ದಳು. ಕುದುರೆ ತಲೆ ಬಗ್ಗಿಸಿ, ನಾವು ತುಳಿಯುತ್ತಿದ್ದ ಬೆಚ್ಚನೆಯ ಉಣ್ಣೆಯನ್ನು ಮೂಸಿ ನೋಡಿ, ಫುರ್ರೆಂದು ಉಸಿರು ಬಿಟ್ಟಿತು.